ಬಾಗ್ದಾದಿನ ಅಬು, ಕಾರಾಪುರದ ಸಾಬು

ಕಡಲ ದಂಡೆಯ ಮರಳಿನಲ್ಲಿ ಒಬ್ಬ ಹುಡುಗ ಒಂಟಿಯಾಗಿದ್ದಾನೆ. ಬಿರುಗಾಳಿಗೆ ದೋಣಿ ಒಡೆದಿದೆ, ಜೊತೆಗಾರ ಎಲ್ಲಿ ಹೋದನೋ ತಿಳಿಯದು. ಸೊಂಟದ ತುಂಡು ಬಟ್ಟೆ ಬಿಟ್ಟರೆ ಅವನ ಹತ್ತಿರ ಏನೂ ಇಲ್ಲ. ಕೈಗೆ ಸಿಕ್ಕಿದ ಸೀಸೆಯೊಂದರ ಬಿರಡೆ ಕೀಳುತ್ತಾನೆ. ಕರಿಹೊಗೆ ಬುಸುಬುಸು ಎದ್ದು ಮುಗಿಲೆತ್ತರದ ಜಿನ್ ಆಗಿ ನಿಲ್ಲುತ್ತದೆ, ಹುಡುಗನನ್ನು ಹೊಸಕಿಹಾಕಲು ಕಾಲೆತ್ತುತ್ತದೆ. ಓಡಲು ಜಾಗವಿಲ್ಲ, ಕಾದಲು ಕತ್ತಿಯಿಲ್ಲ. ಇಷ್ಟು ದೊಡ್ಡ ದೇಹ ಇಷ್ಟು ಸಣ್ಣ ಸೀಸೆಯಲ್ಲಿ ಹಿಡಿಸಿತ್ತು ಎಂದರೆ ನಾನು ನಂಬುವುದಿಲ್ಲ ಎಂದು ಹುಡುಗ ಹಟ ಹಿಡಿಯುತ್ತಾನೆ. ತೋರಿಸಿಕೊಡಲು ಜಿನ್ ಮತ್ತೆ ಸೀಸೆಯೊಳಗೆ ಹೋಗುತ್ತದೆ, ಹುಡುಗ ಬಿರಡೆ ಜಡಿಯುತ್ತಾನೆ. ಆಮೇಲೆ ನಡೆಯುವುದು ಚೌಕಾಸಿ. ಮೂರು ವರ ಕೊಡುವುದಾದರೆ ಬಿಡುಗಡೆ. ಮೊದಲ ವರದಲ್ಲಿ ಅವನು ಕೇಳುವುದು ರಾಜ್ಯವನ್ನಲ್ಲ, ಬಂಗಾರವನ್ನಲ್ಲ. ಹಸಿದ ಹೊಟ್ಟೆಗೆ ಅಮ್ಮ ಮಾಡಿಕೊಡುತ್ತಿದ್ದಂಥದೇ ತಿಂಡಿ. ಇದು 1940ರ 'ದ ಥೀಫ್ ಆಫ್ ಬಾಗ್ದಾದ್' ಚಿತ್ರ. ಹುಡುಗನ ಹೆಸರು ಅಬು, ಬಾಗ್ದಾದಿನ ಸಂತೆಯಲ್ಲಿ ಕದ್ದು ತಿಂದು ಬೆಳೆದವನು. ಚಿತ್ರ ಮುಗಿಯುವ ಹೊತ್ತಿಗೆ ಅವನು ಹೆಜ್ಜೇಡ ಕಾಯುವ ಬಲೆಯನ್ನು ಹತ್ತಿ ದೇವತೆಯ ಹಣೆಯ ಮಣಿ ತಂದಿರುತ್ತಾನೆ, ಹಾರುವ ಜಮಖಾನೆಯ ಮೇಲೆ ನಿಂತು ಬಾಣ ಹೂಡಿ ಮಾಂತ್ರಿಕ ಜಾಫರನನ್ನು ಕೆಡವಿರುತ್ತಾನೆ, ಗೆಳೆಯನ ತಲೆ ಉಳಿಸಿ ಸಿಂಹಾಸನ ಕೊಡಿಸಿರುತ್ತಾನೆ.

ಚಿತ್ರಕ್ಕೆ ಮೂರು ಆಸ್ಕರ್ ಬಂದವು: ವರ್ಣಛಾಯಾಗ್ರಹಣಕ್ಕೆ, ಕಲಾನಿರ್ದೇಶನಕ್ಕೆ, ವಿಶೇಷ ಪರಿಣಾಮಗಳಿಗೆ. ಮೂರನೆಯದರ ಹಿಂದೆ ಲಾರೆನ್ಸ್ ಬಟ್ಲರ್ ಎಂಬ ತಂತ್ರಜ್ಞನ ದುಡಿಮೆಯಿದೆ. ಮುಷ್ಟಿಯಷ್ಟು ಹುಡುಗನೂ ಬೆಟ್ಟದಂಥ ಜಿನ್ನೂ ಒಂದೇ ಚೌಕಟ್ಟಿನಲ್ಲಿ, ಅದೂ ಬಣ್ಣದಲ್ಲಿ, ಕಾಣಬೇಕಿತ್ತು. ಬಟ್ಲರ್ ನಟರನ್ನು ನೀಲಿ ಪರದೆಯ ಮುಂದೆ ನಿಲ್ಲಿಸಿದ. ಆಗಿನ ಟೆಕ್ನಿಕಲರ್ ಕ್ಯಾಮೆರಾ ಮೂರು ಬಣ್ಣಗಳನ್ನು ಮೂರು ಬೇರೆ ಸುರುಳಿಗಳ ಮೇಲೆ ಹಿಡಿಯುತ್ತಿತ್ತು. ಮನುಷ್ಯರ ಮೈಬಣ್ಣಕ್ಕೂ ನೀಲಿಗೂ ಬಹಳ ದೂರವಾದ್ದರಿಂದ, ಆ ಸುರುಳಿಗಳನ್ನು ಹೋಲಿಸಿ ನೀಲಿಯನ್ನಷ್ಟೇ ಕಳೆದುಹಾಕಬಹುದಿತ್ತು, ಖಾಲಿಯಾದ ಜಾಗದಲ್ಲಿ ಬೇರೊಂದು ದೃಶ್ಯವನ್ನು ಕೂಡಿಸಬಹುದಿತ್ತು. ಈಗ ಸೂಪರ್‌ಹೀರೋ ಸಿನಿಮಾಗಳಲ್ಲಿ ಹಸಿರು ಪರದೆಯ ಮುಂದೆ ಹಗ್ಗಕ್ಕೆ ಜೋತುಬಿದ್ದ ನಟ ನಮ್ಮ ಕಣ್ಣಿಗೆ ನಗರದ ಮೇಲೆ ಹಾರುತ್ತಾನಲ್ಲ, ಆ ಕಲೆಯ ತಾಯಿಬೇರು ಇಲ್ಲಿದೆ. ದೊಡ್ಡ ಪ್ರಮಾಣದಲ್ಲಿ, ವರ್ಣಚಿತ್ರದಲ್ಲಿ, ಆ ತಂತ್ರ ಮೊದಲು ಹೊತ್ತು ಮೆರೆಸಿದ ವೀರ ಅಬು. ಮುಸ್ಲಿಂ ಸೂಪರ್‌ಹೀರೋ ಯಾವಾಗ ಬಂದಾನು ಎಂದು 21ನೇ ಶತಮಾನದಲ್ಲಿ ಕೇಳುವವರು ಈ ಮಾತನ್ನು ಮರೆತಿರುತ್ತಾರೆ. ಹಾರುವ ವೀರರ ಸಿನಿಮಾ ಹುಟ್ಟಿದ ಮನೆಯಲ್ಲೇ ಅವನಿದ್ದ.

ಅಬುವಾಗಿ ನಟಿಸಿದ ಹುಡುಗ ನಮ್ಮವನು. ಹೆಗ್ಗಡದೇವನಕೋಟೆ ಕಡೆಯ, ಕಬಿನಿ ದಂಡೆಯ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಸಾಬು. ತಂದೆ ಮೈಸೂರು ಮಹಾರಾಜರ ಆನೆಗಳ ಮಾವುತ. ಮೈಸೂರು ಸೀಮೆಯಲ್ಲಿ ಮಾವುತ, ಕಾವಾಡಿಗಳ ಕಸುಬು ಜೇನುಕುರುಬರ ಹಾಡಿಗಳಲ್ಲೂ ಮುಸಲ್ಮಾನರ ಮನೆಗಳಲ್ಲೂ ತಲೆಮಾರಿನಿಂದ ತಲೆಮಾರಿಗೆ ಬಂದದ್ದು. ಕಾಕನಕೋಟೆಯ ಖೆಡ್ಡಾಗಳಲ್ಲಿ ಕಾಡಾನೆಯನ್ನು ಸುತ್ತುವರಿದು ಹಗ್ಗ ಹಾಕುವ ಪ್ರಾಣದ ಕೆಲಸ ಇವರದು. ಸಾಬು ಎಳವೆಯಲ್ಲೇ ತಾಯಿಯನ್ನೂ ಆಮೇಲೆ ತಂದೆಯನ್ನೂ ಕಳೆದುಕೊಂಡು ಅರಮನೆಯ ಆನೆ ಲಾಯದ ಆಸರೆಯಲ್ಲಿ ಬೆಳೆದ. 1930ರ ದಶಕದ ನಡುವೆ ಅಮೆರಿಕದ ಸಾಕ್ಷ್ಯಚಿತ್ರಕಾರ ರಾಬರ್ಟ್ ಫ್ಲಹರ್ಟಿ, ಕಿಪ್ಲಿಂಗನ ಆನೆ ಹುಡುಗನ ಕಥೆಯನ್ನು ಸಿನಿಮಾ ಮಾಡಲು ಮೈಸೂರಿಗೆ ಬಂದ. ಹುಡುಗನನ್ನು ಕಂಡುಹಿಡಿದವನು ಛಾಯಾಗ್ರಾಹಕ ಆಸ್ಮಂಡ್ ಬಾರಡೇಲ್. 1937ರಲ್ಲಿ ತೆರೆಕಂಡ 'ಎಲಿಫೆಂಟ್ ಬಾಯ್' ವೆನಿಸ್ ಚಿತ್ರೋತ್ಸವದಲ್ಲಿ ನಿರ್ದೇಶನದ ಪ್ರಶಸ್ತಿ ಪಡೆಯಿತು. ನಿರ್ಮಾಪಕ ಅಲೆಕ್ಸಾಂಡರ್ ಕೊರ್ಡ ಹುಡುಗನನ್ನೂ ಅವನ ಅಣ್ಣ ಶೇಖ್ ದಸ್ತಗೀರನನ್ನೂ ಲಂಡನ್ನಿಗೆ ಕರೆಸಿಕೊಂಡ. ದಸ್ತಗೀರ್ ಎಂಬ ಅಣ್ಣನ ಹೆಸರೇ ಕಾಗದಪತ್ರಗಳಲ್ಲಿ ತಮ್ಮನ ಹೆಸರಿಗೆ ಅಂಟಿಕೊಂಡಿತು ಎಂದು ಅವನ ಬದುಕನ್ನು ಶೋಧಿಸಿದವರ ವಾದ. ಅದೇನೇ ಇರಲಿ, ಜಗತ್ತಿನ ಚಿತ್ರಮಂದಿರಗಳ ಹೊರಗೆ ದೀಪದಲ್ಲಿ ಬೆಳಗಿದ್ದು ಸಾಬು ಎಂಬ ಎರಡಕ್ಷರ. ಇಂಗ್ಲಿಷ್ ಬಾರದೆ, ಮಾತನ್ನು ಬಾಯಿಪಾಠ ಮಾಡಿ ಕ್ಯಾಮೆರಾದ ಮುಂದೆ ನಿಂತ ಮಾವುತನ ಮಗ ಮೂರೇ ವರ್ಷದಲ್ಲಿ ಇಂಗ್ಲಿಷ್ ಸಿನಿಮಾದ ದೊಡ್ಡ ತಾರೆಯಾದ.

ಇಷ್ಟಿದ್ದೂ ಆ ಪರಂಪರೆ ಬೆಳೆಯಲಿಲ್ಲ. ಅಬುವಿನ ನಂತರದ ಅರ್ಧ ಶತಮಾನದಲ್ಲಿ ಪಶ್ಚಿಮದ ಸಾಹಸ ಚಿತ್ರಗಳ ಮುಸ್ಲಿಂ ವೀರ ಮೊದಲು ನಾಯಕನ ಪಕ್ಕಕ್ಕೆ ಸರಿದ, ಆಮೇಲೆ ನಾಯಕನ ಬಂದೂಕಿನ ಎದುರಿಗೆ ನಿಂತ. ಇದಕ್ಕೆ ಸಾಮಾನ್ಯವಾಗಿ ಕೊಡುವ ವಿವರಣೆ ರಾಜಕೀಯದ್ದು: ತೈಲ, ಇರಾನ್, ಭಯೋತ್ಪಾದನೆ, 2001ರ ಸೆಪ್ಟೆಂಬರ್. ಅದು ಸುಳ್ಳಲ್ಲ. ಆದರೆ ಅದು ತಡವಾಗಿ ಶುರುವಾಗುವ ವಿವರಣೆ, ಏಕೆಂದರೆ ಇಳಿತ ಶುರುವಾದದ್ದು 1942ರಲ್ಲೇ. ನನ್ನ ವಾದ ಬೇರೆ. ಮುಸ್ಲಿಂ ವೀರನಿಗೆ ತೆರೆ ಬಾಗಿಲು ಹಾಕಿರಲಿಲ್ಲ, ವಿಳಾಸ ಕೊಟ್ಟಿರಲಿಲ್ಲ. ಎಂದೂ ಇಲ್ಲದ ಬಾಗ್ದಾದಿನಲ್ಲಿ, ಯಾವ ಕಾಲದ್ದೂ ಅಲ್ಲದ ಕಾಲದಲ್ಲಿ ಅವನು ಏನು ಬೇಕಾದರೂ ಆಗಬಹುದಿತ್ತು. ಇಂದಿನ ಊರು, ಇಂದಿನ ಕಸುಬು, ಇಂದಿನ ಜಗಳ ಅವನಿಗೆ ಸೇರಿದ ಕೂಡಲೆ ಕಥೆ ಹಿಂಜರಿಯುತ್ತಿತ್ತು. ವಿಳಾಸವಿಲ್ಲದವನನ್ನು ಎಲ್ಲಿಗೆ ಬೇಕಾದರೂ ಕಳಿಸಬಹುದು, ಯಾರ ಸೇವೆಗೆ ಬೇಕಾದರೂ ನಿಲ್ಲಿಸಬಹುದು, ಬೇಡವಾದಾಗ ಕಾಣೆಯಾಗಿಸಬಹುದು.

ಇದಕ್ಕೆ ಮೊದಲ ಸಾಕ್ಷಿ ಸಾಬುವಿನ ಎರಡನೆಯ ಚಿತ್ರವೇ. 1938ರ 'ದ ಡ್ರಮ್' ನಡೆಯುವುದು ಅವತ್ತಿನ ಕಾಲದಲ್ಲಿ, ಅವತ್ತಿನ ವಾಯವ್ಯ ಗಡಿಯಲ್ಲಿ. ಸಾಬು ಅಲ್ಲಿ ಟೋಕೋಟ್ ಎಂಬ ಕಲ್ಪಿತ ಗುಡ್ಡಗಾಡು ಸಂಸ್ಥಾನದ ರಾಜಕುಮಾರ ಅಜೀಮ್. ಚಿಕ್ಕಪ್ಪ ಗುಲ್ ತನ್ನ ಅಣ್ಣನನ್ನೇ ಕೊಂದು ಗದ್ದುಗೆ ಏರಿ, ಬ್ರಿಟಿಷರನ್ನು ಔತಣಕ್ಕೆ ಕರೆದು ಕೊಲ್ಲುವ ಸಂಚು ಮಾಡುತ್ತಾನೆ. ಅಜೀಮ್ ನಗಾರಿ ಬಾರಿಸಿ, ಬ್ರಿಟಿಷ್ ಪಡೆಯ ಎಳೆಯ ನಗಾರಿಯವನಿಂದ ಕಲಿತ ಸಂಕೇತದಲ್ಲಿ ಎಚ್ಚರಿಕೆ ಕೊಡುತ್ತಾನೆ, ಸೇನೆ ಉಳಿಯುತ್ತದೆ. ಧೈರ್ಯವಿದೆ, ಕುದುರೆಯಿದೆ, ಕೊನೆಯ ಗಳಿಗೆಯ ಪಾರುಗಾಣಿಕೆಯಿದೆ. ಸಾಹಸ ಚಿತ್ರದ ವೀರನಿಗೆ ಬೇಕಾದದ್ದೆಲ್ಲ ಇದೆ, ತನ್ನವರು ಮಾತ್ರ ಇಲ್ಲ. ಅವನ ಸಾಹಸವೆಲ್ಲ ಬೇರೆಯವರ ಕೋಟೆಯ ಕಾವಲಿಗೆ ಸಂದಿದೆ. ಅದೇ ಹೊತ್ತಿನಲ್ಲಿ ನಿಜವಾದ ಗಡಿಯಲ್ಲಿ ಏನಾಗುತ್ತಿತ್ತು ಎಂಬುದನ್ನು ಪಕ್ಕದಲ್ಲಿಟ್ಟು ನೋಡಬೇಕು. ಖಾನ್ ಅಬ್ದುಲ್ ಗಫಾರ್ ಖಾನರ ಖುದಾಯಿ ಖಿದ್ಮತ್‌ಗಾರರು ಆಯುಧ ಕೆಳಗಿಟ್ಟು ಅಹಿಂಸೆಯ ಶಪಥ ತೊಟ್ಟಿದ್ದರು. 1930ರ ಏಪ್ರಿಲಿನಲ್ಲಿ ಪೇಶಾವರದ ಕಿಸ್ಸಾ ಖ್ವಾನಿ ಬಜಾರಿನಲ್ಲಿ ಬರಿಗೈಯ ಜನ ಗುಂಡಿಗೆ ಎದೆಯೊಡ್ಡಿದ್ದರು. 1937ರಲ್ಲಿ ಗಫಾರ್ ಖಾನರ ಅಣ್ಣ ಡಾ. ಖಾನ್ ಸಾಹೇಬರ ಮಂತ್ರಿಮಂಡಲ ಅಲ್ಲಿ ಬಂದಿತ್ತು. ಆ ನೆಲದ ವೀರರು ಕಣ್ಣೆದುರೇ ಇದ್ದರು, ಹೆಸರು ಊರು ಸಮೇತ. ಸಿನಿಮಾ ಅವರನ್ನು ಬಿಟ್ಟು, ಪಠಾಣರನ್ನು ವಂಚಕರ ದಂಡಾಗಿ ಚಿತ್ರಿಸಿ, ಬ್ರಿಟಿಷರಿಗೆ ಒಲಿದ ಒಬ್ಬ ಬಾಲಕನನ್ನು ವೀರನೆಂದಿತು. 1938ರ ಸೆಪ್ಟೆಂಬರಿನಲ್ಲಿ ಈ ಚಿತ್ರ ಬೊಂಬಾಯಿಗೆ ಬಂದಾಗ ಅಲ್ಲಿನ ಮುಸಲ್ಮಾನರು ಬೀದಿಗಿಳಿದು ವಿರೋಧಿಸಿದರು, ಪ್ರದರ್ಶನ ನಿಂತಿತು. ಇಂಥ ಸಾಮ್ರಾಜ್ಯಶಾಹಿ ಚಿತ್ರಗಳ ವಿರುದ್ಧ 'ಫಿಲ್ಮ್ ಇಂಡಿಯಾ' ಪತ್ರಿಕೆಯ ಬಾಬೂರಾವ್ ಪಟೇಲ್ ಸತತವಾಗಿ ಬರೆದರು. ಗಮನಿಸಬೇಕಾದ ಮಾತು ಇದು: ನಾಯಕ ಮುಸ್ಲಿಂ, ನಟಿಸಿದವನೂ ಮುಸ್ಲಿಂ, ಆದರೂ ಮುಸ್ಲಿಂ ಪ್ರೇಕ್ಷಕರು ಅವನನ್ನು ತಮ್ಮವನೆಂದು ಒಪ್ಪಲಿಲ್ಲ. ತೆರೆಯ ಮೇಲೆ ಒಂದು ಹೆಸರು ಕಂಡರೆ ಸಾಕು, ಸಮುದಾಯ ತೃಪ್ತಿಪಡುತ್ತದೆ ಎನ್ನುವವರಿಗೆ ಬೊಂಬಾಯಿಯ ಆ ಜನ ಆಗಲೇ ಉತ್ತರ ಕೊಟ್ಟಿದ್ದರು.

ಅಬುವನ್ನು ಮುಸ್ಲಿಂ ವೀರ ಎನ್ನುವುದೇ ಅತಿಯಾಯಿತು ಎಂಬ ಆಕ್ಷೇಪ ಬರಬಹುದು. ಆ ಬಾಗ್ದಾದ್ ಬಣ್ಣದ ರಟ್ಟಿನದು. ಗುಮ್ಮಟಗಳೂ ಮಿನಾರುಗಳೂ ರಂಗಸಜ್ಜಿಕೆ. ಯುದ್ಧದಿಂದಾಗಿ ಚಿತ್ರೀಕರಣ ಇಂಗ್ಲೆಂಡಿನ ಡೆನ್ಹಾಮಿನಿಂದ ಅಮೆರಿಕಕ್ಕೆ ಹೋಗಿ, ಗ್ರ್ಯಾಂಡ್ ಕ್ಯಾನ್ಯನ್ ಕೂಡ ಆ ಕಥಾಲೋಕದ ತುಂಡಾಯಿತು. ಇಂಥ ಕಡೆ ಮತಧರ್ಮ ಹುಡುಕುವುದು ಎಷ್ಟು ಸರಿ? ಆಕ್ಷೇಪದಲ್ಲಿ ಹುರುಳಿದೆ, ಅದು ನನ್ನ ವಾದಕ್ಕೇ ಬಲ ಕೊಡುತ್ತದೆ. ಆದರೆ ಪೂರ್ತಿ ಒಪ್ಪಲಾಗದು. 1924ರಲ್ಲಿ ಡಗ್ಲಸ್ ಫೇರ್‌ಬ್ಯಾಂಕ್ಸ್ ಮಾಡಿದ ಇದೇ ಹೆಸರಿನ ಮೂಕಿಚಿತ್ರದಲ್ಲಿ ಕಳ್ಳ ಮೊದಲು ಮಸೀದಿಯಲ್ಲಿ ಧರ್ಮಗುರುವಿನ ಎದುರು ದೇವರನ್ನೇ ಅಲ್ಲಗಳೆಯುತ್ತಾನೆ, ಆಮೇಲೆ ಅದೇ ಗುರುವಿನ ಬಳಿಗೆ ತಿರುಗಿ ಬಂದು ಪಶ್ಚಾತ್ತಾಪ ಪಡುತ್ತಾನೆ. ಅವನ ಸಾಹಸಯಾತ್ರೆ ಶುರುವಾಗುವುದೇ ಆ ಮಸೀದಿಯಿಂದ. 1940ರ ಚಿತ್ರದಲ್ಲಿ ಜಿನ್ನನ್ನು ಸೀಸೆಯಲ್ಲಿ ಸೆರೆಹಾಕಿದವನು ದೊರೆ ಸುಲೇಮಾನ್. ಅದು ಮುಸ್ಲಿಂ ನಾಡುಗಳ ಕಥೆಗಾರರು ಶತಮಾನಗಳ ಕಾಲ ಹೇಳಿಕೊಂಡು ಬಂದ ಐತಿಹ್ಯ. ಇನ್ನೊಂದು ಮುಖ್ಯ ಮಾತು: ಅಬುವೂ ಮುಸ್ಲಿಂ, ಜಾಫರನೂ ಮುಸ್ಲಿಂ, ಬೀದಿಯ ಜನರೂ ಮುಸ್ಲಿಮರೇ. ಒಂದೇ ಊರಿನೊಳಗೆ ಒಳ್ಳೆಯವರೂ ಕೆಟ್ಟವರೂ ಇದ್ದಾಗ ಮತವು ಗುಣದ ಗುರುತಾಗುವುದಿಲ್ಲ, ಬರೀ ಊರಿನ ಗಾಳಿಯಾಗುತ್ತದೆ. 'ದ ಡ್ರಮ್' ಚಿತ್ರದಲ್ಲಿ ಇದು ಸಾಧ್ಯವಾಗಲಿಲ್ಲ, ಏಕೆಂದರೆ ಅಲ್ಲಿ ತೂಗುವ ತಕ್ಕಡಿ ಬ್ರಿಟಿಷರ ಕೈಯಲ್ಲಿತ್ತು. ಕಲ್ಪನೆಯ ಬಾಗ್ದಾದಿನ ಬೆಲೆಯೂ ಮಿತಿಯೂ ಇದೇ. ಅದು ಮುಸ್ಲಿಂ ಪಾತ್ರಗಳಿಗೆ ಪೂರ್ಣ ಮನುಷ್ಯರಾಗುವ ಜಾಗ ಕೊಟ್ಟಿತು, ಆದರೆ ಆ ಜಾಗ ಭೂಪಟದಲ್ಲಿ ಇರಲಿಲ್ಲ.

ಯುದ್ಧಕಾಲದಲ್ಲಿ ಸಾಬು ಹಾಲಿವುಡ್ಡಿನಲ್ಲೇ ಉಳಿದ. 1942ರಲ್ಲಿ ಕೊರ್ಡಾ ಸಹೋದರರ 'ಜಂಗಲ್ ಬುಕ್' ಚಿತ್ರದಲ್ಲಿ ಮೋಗ್ಲಿಯಾದ. ಅದೇ ವರ್ಷ ಯೂನಿವರ್ಸಲ್ ಕಂಪನಿ 'ಅರೇಬಿಯನ್ ನೈಟ್ಸ್' ತೆಗೆಯಿತು. ಎರಡೇ ವರ್ಷದ ಹಿಂದೆ ಇದೇ ಲೋಕದ ನಾಯಕನಾಗಿದ್ದವನಿಗೆ ಈಗ ಸಿಕ್ಕಿದ್ದು ನಾಯಕನ ಗೆಳೆಯನ ಪಾತ್ರ. ಖಲೀಫ ಹಾರೂನ್ ಅಲ್ ರಶೀದನಾದವನು ಜಾನ್ ಹಾಲ್. 'ವೈಟ್ ಸ್ಯಾವೇಜ್', 'ಕೋಬ್ರಾ ವುಮನ್' ಚಿತ್ರಗಳಲ್ಲೂ ಇದೇ ಜೋಡಣೆ: ಮುಂದೆ ಜಾನ್ ಹಾಲ್, ಪಕ್ಕದಲ್ಲಿ ಚುರುಕು ಮಾತಿನ ಸಾಬು. ಹುಡುಗನಾಗಿದ್ದಾಗ ಕಥೆಯನ್ನು ಹೆಗಲ ಮೇಲೆ ಹೊತ್ತವನು ಗಂಡಸಾಗುವ ಹೊತ್ತಿಗೆ ಪ್ರೇಮಕ್ಕೂ ಪಟ್ಟಕ್ಕೂ ಹೊರಗಾದ. ಇದು ತೈಲ ಬಿಕ್ಕಟ್ಟಿಗಿಂತ ಮೂರು ದಶಕ ಹಿಂದಿನ ಮಾತು. 1944ರ ಜನವರಿಯಲ್ಲಿ ಅವನು ಅಮೆರಿಕದ ನಾಗರಿಕನಾದ, ಸೇನೆಯ ವಾಯುಪಡೆ ಸೇರಿದ. ಪೆಸಿಫಿಕ್ ಸಮರದಲ್ಲಿ ಬಿ-24 ಲಿಬರೇಟರ್ ಬಾಂಬರ್ ವಿಮಾನಗಳಲ್ಲಿ ಗನ್ನರ್ ಆಗಿ ಹತ್ತಾರು ಬಾರಿ ಹಾರಿದ. ಲಿಬರೇಟರಿನ ಹೊಟ್ಟೆಯಡಿಯ ಗನ್ನರ್ ಗೂಡು ಎಂದರೆ ಮೊಣಕಾಲು ಎದೆಗೆ ಮಡಚಿ ಕೂರಬೇಕಾದ ಗಾಜು-ಲೋಹದ ಉಂಡೆ, ಸಣ್ಣಾಳುಗಳಿಗೆ ಮಾತ್ರ ಹಿಡಿಸುವಂಥದ್ದು. ಕೆಳಗೆ ಕಡಲು, ಸುತ್ತ ಶತ್ರುವಿಮಾನ. ತಂತಿಗೆ ಕಟ್ಟಿದ ಜಮಖಾನೆಯ ಮೇಲೆ ಹಾರಿದ್ದ ಹುಡುಗ ನಿಜವಾಗಿಯೂ ಹಾರಿದ್ದು ಹೀಗೆ. ಡಿಸ್ಟಿಂಗ್ವಿಷ್ಡ್ ಫ್ಲೈಯಿಂಗ್ ಕ್ರಾಸ್ ಪದಕ ಅವನಿಗೆ ಬಂತು. ಯುದ್ಧ ಮುಗಿಸಿ ಬಂದವನಿಗೆ 1947ರ 'ಬ್ಲ್ಯಾಕ್ ನಾರ್ಸಿಸಸ್' ಒಂದು ಒಳ್ಳೆಯ ಪಾತ್ರ ಕೊಟ್ಟಿತು. ಮಿಕ್ಕಂತೆ ಕಾದಿದ್ದದ್ದು ಮತ್ತದೇ ಕಾಡು, ಮತ್ತದೇ ಆನೆ, ಮತ್ತದೇ ಮಾಯದ ಉಂಗುರ. 1957ರಲ್ಲಿ, ಮೂವತ್ತಮೂರರ ಹರೆಯದಲ್ಲಿ, 'ಸಾಬು ಅಂಡ್ ದ ಮ್ಯಾಜಿಕ್ ರಿಂಗ್' ಎಂಬ ಚಿತ್ರದಲ್ಲಿ ಅವನು ಇನ್ನೂ ಲಾಯದ ಹುಡುಗ. ಪದಕ ತೊಟ್ಟ ಯೋಧನೊಬ್ಬನ ಕಥೆ ಅವನ ಬದುಕಿನಲ್ಲೇ ಸಿದ್ಧವಾಗಿತ್ತು, ಅದನ್ನು ಯಾರೂ ಅವನಿಂದ ಆಡಿಸಲಿಲ್ಲ. ಆ ಕಥೆಗೆ ಒಂದು ಕಾಲವಿತ್ತು, ಒಂದು ದೇಶವಿತ್ತು, ಒಂದು ವಿಳಾಸವಿತ್ತು.

ನಂತರದ ದಶಕಗಳನ್ನು ಬೇಗ ದಾಟಬಹುದು. 1958ರ 'ದ ಸೆವೆಂತ್ ವಾಯೇಜ್ ಆಫ್ ಸಿನ್‌ಬ್ಯಾಡ್' ಚಿತ್ರದಿಂದ ಮೊದಲಾಗಿ ರೇ ಹ್ಯಾರಿಹೌಸನ್ ಬೊಂಬೆಗಳಿಗೆ ಜೀವ ತುಂಬಿ ಮೂರು ಸಿಂದಬಾದ್ ಚಿತ್ರಗಳನ್ನು ಸಾಧ್ಯವಾಗಿಸಿದ. ಹೆಸರು ಉಳಿಯಿತು, ಮೂರರಲ್ಲೂ ಮುಖ ಮಾತ್ರ ಅಮೆರಿಕದ ಬಿಳಿಯ ನಟರದು. 1970ರ ದಶಕದಿಂದಾಚೆಗೆ ಮುಸ್ಲಿಂ ಪಾತ್ರಕ್ಕೆ ಕೊನೆಗೂ ಇಂದಿನ ವಿಳಾಸ ಸಿಕ್ಕಿತು: ಅಪಹರಣಕ್ಕೊಳಗಾದ ವಿಮಾನ, ಬಾಂಬಿನ ಗೋದಾಮು. ಜ್ಯಾಕ್ ಶಹೀನ್ ಎಂಬ ವಿದ್ವಾಂಸ 900ಕ್ಕೂ ಹೆಚ್ಚು ಹಾಲಿವುಡ್ ಚಿತ್ರಗಳನ್ನು ಕೂತು ನೋಡಿ 2001ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಅರಬರನ್ನು ಒಳಿತಾಗಿ ತೋರಿಸಿದವು ಎಂದು ಅವರಿಗೆ ಕಂಡದ್ದು ಹನ್ನೆರಡು, ಸಮತೋಲದಿಂದ ತೋರಿಸಿದವು ಐವತ್ತರ ಆಸುಪಾಸು. ಈ ಅವಧಿಯ ಒಂದು ಸಣ್ಣ ಸಂಗತಿ ನನ್ನನ್ನು ಅಂಕಿಗಳಿಗಿಂತ ಹೆಚ್ಚು ಕಾಡುತ್ತದೆ. 1992ರಲ್ಲಿ ಡಿಸ್ನಿ ಕಂಪನಿ 'ಅಲಾದ್ದೀನ್' ಮಾಡಿದಾಗ 1940ರ ಚಿತ್ರದಿಂದ ಬಹಳಷ್ಟನ್ನು ಎರವಲು ಪಡೆಯಿತು. ದುಷ್ಟ ವಜೀರ ಜಾಫರ್ ಅಲ್ಲಿಂದಲೇ ಬಂದ. ಆಟಿಕೆಗಳಲ್ಲಿ ಮುಳುಗಿದ ಮುದಿ ಸುಲ್ತಾನ ಅಲ್ಲಿಂದಲೇ ಬಂದ. ಅಬು ಎಂಬ ಹೆಸರೂ ಬಂತು, ಆದರೆ ಅದನ್ನು ಇಟ್ಟದ್ದು ನಾಯಕನ ಸಾಕುಕೋತಿಗೆ. ಜಿನ್ನನ್ನು ಬುದ್ಧಿಯಿಂದ ಸೀಸೆಗಿಳಿಸಿದ ವೀರ ಹೆಗಲ ಮೇಲೆ ಕೂತು ಕಿಚಿಗುಟ್ಟುವ ಪ್ರಾಣಿಯಾದ. ಮಾಡಿದವರಿಗೆ ಕೇಡಿನ ಉದ್ದೇಶ ಇತ್ತೆಂದು ನಾನು ಹೇಳುತ್ತಿಲ್ಲ. ಉದ್ದೇಶವಿಲ್ಲದೆಯೂ ಇಷ್ಟು ಸಲೀಸಾಗಿ ಆಗಿಹೋಯಿತಲ್ಲ ಎಂಬುದೇ ನೋವಿನ ಮಾತು.

ಒಳ್ಳೆಯ ಮುಸ್ಲಿಂ ಪಾತ್ರಗಳು ಇರಲೇ ಇಲ್ಲವೆ? ಇದ್ದವು, ಗೆಳೆಯನ ಜಾಗದಲ್ಲಿ. 1991ರ ರಾಬಿನ್ ಹುಡ್ ಚಿತ್ರದಲ್ಲಿ ಮಾರ್ಗನ್ ಫ್ರೀಮನ್ ನಟಿಸಿದ ಅಜೀಮ್ ನಮಾಜು ಮಾಡುತ್ತಾನೆ, ದೂರದರ್ಶಕ ತಂದಿದ್ದಾನೆ, ಹೆರಿಗೆ ಮಾಡಿಸುತ್ತಾನೆ, ಇಂಗ್ಲಿಷರಿಗಿಂತ ತಿಳಿದವನು. ಆದರೂ ಅವನು ಜೀವ ಉಳಿಸಿದವನ ಋಣ ತೀರಿಸಲು ಬಂದವನು. 2008ರ 'ಐರನ್ ಮ್ಯಾನ್' ಚಿತ್ರದಲ್ಲಿ, ಮಾರ್ವೆಲ್ ಸಿನಿಮಾಗಳ ಇಡೀ ಸಾಮ್ರಾಜ್ಯಕ್ಕೆ ಅಡಿಗಲ್ಲಾದ ಆ ಗುಹೆಯಲ್ಲಿ, ಟೋನಿ ಸ್ಟಾರ್ಕನ ಎದೆಯ ಯಂತ್ರ ಜೋಡಿಸಿ ಬದುಕಿಸಿದವನು ಅಫ್ಘಾನಿಸ್ತಾನದ ಗುಲ್ಮಿರಾ ಊರಿನ ಯಿನ್‌ಸೆನ್. ಅವನಿಗೆ ಊರಿದೆ, ಓದಿದೆ, ಕಳೆದುಕೊಂಡ ಸಂಸಾರವಿದೆ. ಕವಚ ಸಿದ್ಧವಾಗುವಷ್ಟು ಹೊತ್ತು ಒದಗಿಸಲು ಅವನು ಗುಂಡಿಗೆ ಬಲಿಯಾಗುತ್ತಾನೆ, ಕಥೆ ಸ್ಟಾರ್ಕನ ಜೊತೆ ಹಾರಿಹೋಗುತ್ತದೆ. ನಮ್ಮ ಹಿಂದಿ ಚಿತ್ರಗಳೂ ಈ ಚಾಳಿಗೆ ಹೊರತಲ್ಲ. 1999ರ 'ಸರ್ಫರೋಷ್' ಚಿತ್ರದ ಇನ್‌ಸ್ಪೆಕ್ಟರ್ ಸಲೀಮ್ ತನ್ನ ನಿಷ್ಠೆಯನ್ನು ಇಲಾಖೆ ಅನುಮಾನಿಸಿದ್ದಕ್ಕೆ ನೊಂದು, ಕೊನೆಗೆ ತಾನೇ ಸುಳಿವು ತಂದು ನಿಷ್ಠೆ ತೋರಿಸುತ್ತಾನೆ. ಪಾತ್ರ ಗೌರವದಿಂದ ಬರೆದದ್ದು, ನೋವು ನಿಜವಾದದ್ದು. ಆದರೆ ಬೇರೆ ಯಾವ ಪೊಲೀಸನಿಗೂ ಇಲ್ಲದ ಪರೀಕ್ಷೆ ಅವನಿಗೊಬ್ಬನಿಗೆ.

ವಿಳಾಸ ಕೊಟ್ಟು ನೋಡಿದ ಸಿನಿಮಾ ಒಂದಿದೆ, ಅದರ ಒಂದು ತುಣುಕು ಬೆಂಗಳೂರಿನಲ್ಲಿ ನಡೆದದ್ದು. 1983ರ 'ಕೂಲಿ' ಚಿತ್ರದ ಇಕ್ಬಾಲ್ ರೈಲು ನಿಲ್ದಾಣದ ಹಮಾಲಿ. ಕೆಂಪು ಅಂಗಿ, ತೋಳಿನ ಮೇಲೆ ಮುಸ್ಲಿಮರು ಪವಿತ್ರವೆಂದು ಕಾಣುವ 786 ಸಂಖ್ಯೆಯ ಬಿಲ್ಲೆ, ಜೊತೆಗೆ ಅಲ್ಲಾರಖಾ ಎಂಬ ಗಿಡುಗ. 1975ರ 'ದೀವಾರ್' ಚಿತ್ರದಲ್ಲಿ ಅದೇ 786ರ ಬಿಲ್ಲೆ ಹಿಂದೂ ನಾಯಕನ ಜೇಬಿನಲ್ಲಿದ್ದು ಗುಂಡು ತಡೆದಿತ್ತು. ಎಂಟು ವರ್ಷದ ಮೇಲೆ ಅದು ತನ್ನ ಹಕ್ಕುದಾರನ ತೋಳಿಗೇ ಬಂತು. ಇಕ್ಬಾಲನ ಜಗಳ ಗಡಿಯದಲ್ಲ, ಅರಮನೆಯದಲ್ಲ. ಹಮಾಲರು ಮನೆ ಕಟ್ಟಿಕೊಳ್ಳಲು ಕೂಡಿಟ್ಟ ಹಣ ನುಂಗಿದವರ ಮೇಲೆ ಅವನ ಕಾದಾಟ. ಮುಷ್ಕರ ಹೂಡುತ್ತಾನೆ, ಚುನಾವಣೆಗೂ ನಿಲ್ಲುತ್ತಾನೆ. ಅವನಿಗಾಗಿ ಚಪ್ಪಾಳೆ ತಟ್ಟಿದವರಲ್ಲಿ ಎಲ್ಲ ಜಾತಿಮತದ ದುಡಿಯುವವರೂ ಇದ್ದರು, ಏಕೆಂದರೆ ಹೊರೆ ಹೊತ್ತವನ ಕುತ್ತಿಗೆ ನೋವು ಎಲ್ಲರಿಗೂ ಅರ್ಥವಾಗುವಂಥದ್ದು. ಖಳನ ಹೆಸರು ಜಫರ್, ಆಡಿದವರು ಚಿತ್ರಕ್ಕೆ ಮಾತು ಬರೆದ ಕಾದರ್ ಖಾನ್. ಅಬು-ಜಾಫರರ ಹಳೆಯ ಸಮೀಕರಣವೇ ಇದು, ಆದರೆ ಈ ಸಲ ಭೂಪಟದಲ್ಲಿರುವ ಊರಿನಲ್ಲಿ. 1982ರ ಜುಲೈ 26ರಂದು ಬೆಂಗಳೂರು ವಿಶ್ವವಿದ್ಯಾಲಯದ ಆವರಣದಲ್ಲಿ ಹೊಡೆದಾಟದ ದೃಶ್ಯ ತೆಗೆಯುವಾಗ ಇಕ್ಬಾಲನ ಪಾತ್ರದ ಅಮಿತಾಭ್ ಬಚ್ಚನ್ ಹೊಟ್ಟೆಗೆ ಪೆಟ್ಟು ಬಿದ್ದು ಸಾವಿನ ಅಂಚಿಗೆ ಹೋದದ್ದು, ದೇಶವೆಲ್ಲ ಗುಡಿ, ದರ್ಗಾಗಳಲ್ಲಿ ಹರಕೆ ಹೊತ್ತದ್ದು ಪ್ರಸಿದ್ಧ. ಪೆಟ್ಟು ಬಿದ್ದ ಕ್ಷಣವನ್ನು ಚಿತ್ರದಲ್ಲಿ ಚೌಕಟ್ಟು ನಿಲ್ಲಿಸಿ, ಅಕ್ಷರ ಮೂಡಿಸಿ ತೋರಿಸಿದರು. ನಿರ್ದೇಶಕ ಮನಮೋಹನ್ ದೇಸಾಯಿ ಕೊನೆಯನ್ನೂ ಬದಲಿಸಿದರು. ಮೊದಲ ಕಥೆಯಲ್ಲಿ ಇಕ್ಬಾಲ್ ಸಾಯಬೇಕಿತ್ತು. ಬದಲಾದ ಕಥೆಯಲ್ಲಿ ಹಾಜಿ ಅಲಿ ದರ್ಗಾದಲ್ಲಿ ಪವಿತ್ರ ವಸ್ತ್ರ ಎದೆಗೊತ್ತಿಕೊಂಡು ಗುಂಡುಗಳನ್ನು ಎದುರಿಸಿ ಅವನು ಬದುಕುತ್ತಾನೆ. ಗೆಳೆಯನಿಗಾಗಿ ಸಾಯುವ ಮುಸ್ಲಿಂ ಪಾತ್ರಗಳು ತುಂಬಿದ್ದ ಕಾಲದಲ್ಲಿ ಬದುಕಿ ಉಳಿದ ಒಬ್ಬ. ನಟ ಮುಸ್ಲಿಮನಲ್ಲವಲ್ಲ ಎಂದು ತಕರಾರು ತೆಗೆಯಬಹುದು. ಸಾಬು ಮೋಗ್ಲಿಯಾದದ್ದು ತಪ್ಪಲ್ಲವಾದರೆ ಇದೂ ತಪ್ಪಲ್ಲ. ನಟ ಯಾವ ಮನೆಯವನು ಎನ್ನುವುದಕ್ಕಿಂತ ಪಾತ್ರಕ್ಕೆ ಮನೆಯಿದೆಯೇ ಎಂಬುದು ದೊಡ್ಡ ಪ್ರಶ್ನೆ.

ಮಾರುಕಟ್ಟೆಯ ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು. 1999ರ 'ದ ಥರ್ಟೀಂತ್ ವಾರಿಯರ್' ಚಿತ್ರದ ನಾಯಕ ಇಬ್ನ್ ಫದ್ಲಾನ್, 921ರಲ್ಲಿ ಬಾಗ್ದಾದಿನ ಖಲೀಫನ ನಿಯೋಗದೊಡನೆ ವೋಲ್ಗಾ ನದಿಯವರೆಗೆ ಹೋಗಿಬಂದು ಕಂಡದ್ದನ್ನು ಬರೆದಿಟ್ಟ ನಿಜವಾದ ಮನುಷ್ಯ. ಕೊನೆಯ ಕಾಳಗಕ್ಕೆ ಮುಂಚೆ ಅವನು ಮಾಡುವ ಪ್ರಾರ್ಥನೆ ಹಾಲಿವುಡ್ ಸಾಹಸ ಚಿತ್ರಗಳಲ್ಲಿ ಅಪರೂಪದ್ದು. ಚಿತ್ರ ಭಾರಿ ನಷ್ಟ ತಂದಿತು. ಮುಸ್ಲಿಂ ಹುಡುಗಿ ಕಮಲಾ ಖಾನ್ ನಾಯಕಿಯರಲ್ಲೊಬ್ಬಳಾದ 2023ರ 'ದ ಮಾರ್ವೆಲ್ಸ್' ಆವರೆಗಿನ ಮಾರ್ವೆಲ್ ಸರಣಿಯಲ್ಲೇ ಅತಿ ಕಡಿಮೆ ಗಳಿಸಿತು. ಜನಕ್ಕೆ ಬೇಡವಾದದ್ದನ್ನು ಹೇಗೆ ಮಾಡುವುದು ಎಂದು ನಿರ್ಮಾಪಕರು ಕೇಳಬಹುದು. ಆದರೆ ಸೋತ ಚಿತ್ರಗಳ ಪಟ್ಟಿಯಲ್ಲಿ ಬಿಳಿಯ ನಾಯಕರವು ಎಷ್ಟಿಲ್ಲ? ಅವು ಸೋತಾಗ ಕಥೆ ಕೆಟ್ಟದ್ದು, ನಿರ್ದೇಶನ ಸಡಿಲ ಎನ್ನುತ್ತಾರೆಯೇ ಹೊರತು ನಾಯಕನ ಮತವನ್ನು ಯಾರೂ ದೂರುವುದಿಲ್ಲ. ಇತ್ತ 'ಕೂಲಿ' ತನ್ನ ವರ್ಷದ ಅತಿ ದೊಡ್ಡ ಯಶಸ್ಸುಗಳಲ್ಲಿ ಒಂದು. 2023ರ 'ಪಠಾಣ್' ಜಗತ್ತಿನಾದ್ಯಂತ ಸಾವಿರ ಕೋಟಿ ರೂಪಾಯಿ ದಾಟಿತು. ಆ ಚಿತ್ರದ ಎಚ್ಚರಿಕೆಯನ್ನೂ ನೋಡಬೇಕು. ನಾಯಕ ಸಿನಿಮಾ ಮಂದಿರದಲ್ಲಿ ಬಿಟ್ಟುಹೋದ ಅನಾಥ, ತಂದೆತಾಯಿ ಯಾರೆಂದು ತಿಳಿಯದವನು. ಅಫ್ಘಾನಿಸ್ತಾನದ ಹಳ್ಳಿಯೊಂದರ ಜನ ಅವನಿಗೆ ಪಠಾಣ್ ಎಂಬ ಹೆಸರು ಕೊಟ್ಟರು. ಅವನ ಮತ ಯಾವುದೆಂಬ ಪ್ರಶ್ನೆ ಚಿತ್ರದಲ್ಲೇ ಬರುತ್ತದೆ, ನೇರ ಉತ್ತರ ಬರುವುದಿಲ್ಲ. ಇದನ್ನು ಮತಗಳಾಚೆಗಿನ ವೀರನೆಂದು ಮೆಚ್ಚಿದವರಿದ್ದಾರೆ, ಅವರ ಮೆಚ್ಚುಗೆ ಪ್ರಾಮಾಣಿಕ. ನನಗಾದರೋ ಹಮಾಲಿ ಇಕ್ಬಾಲನಿಗೆ 1983ರಲ್ಲಿ ಸಲೀಸಾಗಿ ಸಿಕ್ಕಿದ್ದ ವಿಳಾಸ ನಲವತ್ತು ವರ್ಷದ ಮೇಲೆ ದುಬಾರಿಯಾಗಿದೆ ಎಂದು ಕಾಣುತ್ತದೆ.

ವೀರನಿಗೆ ಮತ ಹಚ್ಚುವುದಾದರೂ ಏಕೆ, ವೀರ ವೀರನಷ್ಟೇ ಅಲ್ಲವೆ ಎನ್ನುವವರೂ ಇದ್ದಾರೆ. ಮನಸ್ಸಿಗೆ ಹಿತವಾದ ಮಾತು. ಆದರೆ ಸೂಪರ್‌ಮ್ಯಾನ್ ಕಾನ್ಸಾಸಿನ ಹೊಲದಲ್ಲಿ ಬೆಳೆದವನು, ಸ್ಪೈಡರ್‌ಮ್ಯಾನ್ ನ್ಯೂಯಾರ್ಕಿನ ಕ್ವೀನ್ಸಿನವನು. ಆ ಊರುಗಳ ಊಟ, ಹಬ್ಬ, ಚರ್ಚು, ಬಾಡಿಗೆಯ ಕಷ್ಟ ಅವರ ಕಥೆಯ ಒಳಗೇ ಇವೆ. ಅದು ಅಭ್ಯಾಸವಾಗಿಬಿಟ್ಟಿರುವುದರಿಂದ ವಿಳಾಸವೆಂದು ಕಾಣುವುದಿಲ್ಲ, ಅಷ್ಟೆ. ಈ ದೃಷ್ಟಿಯಿಂದ ಕಮಲಾ ಖಾನ್ ಬಂದದ್ದು ದೊಡ್ಡ ಸಂಗತಿ. ಸನಾ ಅಮಾನತ್, ಜಿ. ವಿಲ್ಲೋ ವಿಲ್ಸನ್ ಮತ್ತು ಜೊತೆಗಾರರು ರೂಪಿಸಿದ ಈ ಹುಡುಗಿ 2013ರಲ್ಲಿ ಮಾರ್ವೆಲ್ ಕಾಮಿಕ್ಸಿನಲ್ಲಿ ಕಾಣಿಸಿಕೊಂಡು, 2014ರಲ್ಲಿ ತನ್ನದೇ ಪುಸ್ತಕ ಪಡೆದು, 2022ರಲ್ಲಿ ಇಮಾನ್ ವೆಲ್ಲಾನಿಯ ಮುಖದಲ್ಲಿ ಕಿರುತೆರೆಗೆ, ಮರುವರ್ಷ ಹಿರಿತೆರೆಗೆ ಬಂದಳು. ನ್ಯೂಜೆರ್ಸಿಯ ಜೆರ್ಸಿ ಸಿಟಿಯವಳು, ಕರಾಚಿಯಿಂದ ಬಂದ ಮನೆತನ. 'ಮಿಸ್ ಮಾರ್ವೆಲ್' ಸರಣಿಯಲ್ಲಿ ಅವಳ ಬೆರಳಿನಿಂದ ಹೊಮ್ಮುವ ಬೆಳಕಿಗಿಂತ ನನಗೆ ಹೆಚ್ಚು ಬೆಲೆಯುಳ್ಳದ್ದೆಂದು ತೋರುವುದು ಮಸೀದಿಯ ಹೊರಗಿನ ದೃಶ್ಯ. ನಮಾಜು ಮುಗಿಸಿ ಬಂದ ಗೆಳತಿ ನಕಿಯಾಳ ದುಬಾರಿ ಚಪ್ಪಲಿ ಕಳುವಾಗಿದೆ. ಹೆಂಗಸರ ಕಡೆಯ ಕೋಣೆ ಹಾಳುಬಿದ್ದಿದೆ ಎಂದು ಅವಳಿಗೆ ಸಿಟ್ಟು, ಮಸೀದಿಯ ಸಮಿತಿಗೇ ಚುನಾವಣೆಗೆ ನಿಲ್ಲುತ್ತಾಳೆ. ಗುಡಿಯ ಮುಂದೆಯೋ ಮಸೀದಿಯ ಮುಂದೆಯೋ ಚಪ್ಪಲಿ ಬಿಟ್ಟು ಒಳಗೆ ಹೋಗಿ, ಜೀವವೆಲ್ಲ ಹೊರಗಿನ ಜೋಡಿನ ಮೇಲೇ ಇಟ್ಟು ನಿಂತ ಯಾರಿಗೂ ಆ ಗಳಿಗೆ ಪರಕೀಯವಲ್ಲ. ಧರ್ಮ ಇಲ್ಲಿ ಬೆದರಿಕೆಯೂ ಅಲ್ಲ, ಅಲಂಕಾರವೂ ಅಲ್ಲ. ಹೋಗಿ ಬರುವ ಜಾಗ, ಜಗಳ ಇರುವ ಜಾಗ. ಸರಣಿ ಮುಂದೆ ಕರಾಚಿಗೂ 1947ರ ಕೊನೆಯ ರೈಲಿಗೂ ಹೋಗುತ್ತದೆ, ಅಜ್ಜಿಯ ಮನೆಯ ಹಳೆಯ ಗಾಯ ಮೊಮ್ಮಗಳ ಶಕ್ತಿಯ ಕಥೆಯಾಗುತ್ತದೆ. ಹಾರುವ ಜಮಖಾನೆಗೆ ಹೋಲಿಸಿದರೆ ಇದು ಸಣ್ಣ ಲೋಕ, ಆದರೆ ಬಾಗಿಲ ಸಂಖ್ಯೆ ಇರುವ ಲೋಕ.

ಸಾಬುವಿಗೂ ಅಂಥ ಬಾಗಿಲೊಂದು ಒಮ್ಮೆ ಅರೆ ತೆರೆದಿತ್ತು. 1950ರ ದಶಕದಲ್ಲಿ ನಿರ್ದೇಶಕ ಮೆಹಬೂಬ್ ಖಾನ್ 'ಮದರ್ ಇಂಡಿಯಾ' ಚಿತ್ರಕ್ಕೆ ಸಿದ್ಧತೆ ಮಾಡುವಾಗ ಸಾಲ ಕೊಟ್ಟ ಸಾಹುಕಾರನ ಮೇಲೆ ತಿರುಗಿಬೀಳುವ ಮಗ ಬಿರ್ಜುವಿನ ಪಾತ್ರಕ್ಕೆ ಮೊದಲು ಎಣಿಸಿದ್ದು ಸಾಬುವನ್ನು. ಸಿಂಹಾಸನದ ಕಥೆಯಲ್ಲ, ಜಿನ್ನಿನ ಕಥೆಯಲ್ಲ. ಹೊಲ, ಸಾಲ, ಬಡ್ಡಿ, ತಾಯಿಯ ಬಳೆಗಳ ಕಥೆ. ಹತ್ತು ವರ್ಷದ ಹಿಂದೆ ಅಮೆರಿಕದ ಪೌರತ್ವ ಪಡೆದು ಅಲ್ಲಿನ ವಿಮಾನದಲ್ಲಿ ಕಾದಿದವನು ಈಗ ಹುಟ್ಟಿದ ದೇಶದಲ್ಲಿ ದುಡಿಯಲು ಪರವಾನಗಿ ಬೇಡಬೇಕಾದ ವಿದೇಶಿಯಾಗಿದ್ದ. ಪರವಾನಗಿ ಸಿಗಲಿಲ್ಲ. 1957ರಲ್ಲಿ ತೆರೆಕಂಡ ಚಿತ್ರದಲ್ಲಿ ಬಿರ್ಜುವಾದವನು ಸುನಿಲ್ ದತ್. ಸಾಬು ಭಾರತೀಯ ಚಿತ್ರವೊಂದರಲ್ಲೂ ನಟಿಸದೆ ಉಳಿದ. 1963ರ ಡಿಸೆಂಬರ್ 2ರಂದು, ಮೂವತ್ತೊಂಬತ್ತನೆಯ ವಯಸ್ಸಿನಲ್ಲಿ, ಕ್ಯಾಲಿಫೋರ್ನಿಯಾದಲ್ಲಿ ಹೃದಯಾಘಾತದಿಂದ ತೀರಿಕೊಂಡ. ಕೊನೆಯದಾಗಿ ನಟಿಸಿದ 'ಎ ಟೈಗರ್ ವಾಕ್ಸ್' ಮರುವರ್ಷ ಬಿಡುಗಡೆಯಾಯಿತು. ಅದರಲ್ಲಿ ಅವನು ಸರ್ಕಸ್ಸಿನಿಂದ ತಪ್ಪಿಸಿಕೊಂಡ ಹುಲಿಯನ್ನು ಹುಡುಕಲು ನೆರವಾಗುವ ಭಾರತೀಯ, ಹೆಸರು ರಾಮ್ ಸಿಂಗ್. ಅಷ್ಟರಲ್ಲಿ ಕಬಿನಿಗೆ ಅಡ್ಡಲಾಗಿ ಅಣೆಕಟ್ಟು ಏಳುತ್ತಿತ್ತು. 1970ರ ದಶಕದಲ್ಲಿ ಅದು ತುಂಬಿದಾಗ, ಅವನ ತಂದೆಯ ಕಾಲದ ಮಾವುತರು ಕಾಡಾನೆಗಳಿಗೆ ಹಗ್ಗ ಹಾಕಿದ್ದ ಕಾಕನಕೋಟೆಯ ಕಾಡಿನ ತಗ್ಗು ನೆಲ ಹಿನ್ನೀರಿನ ಕೆಳಗೆ ಹೋಯಿತು.